ಬಿದಿರು ಮೆಳೆಯ ಕದಲದ ಹಾವು

ಯಳಂದೂರು ಬಿಟ್ಟು ಬಿಳಿಗಿರಿರಂಗನ ಬೆಟ್ಟದ ದಾರಿ ಹಿಡಿದರೆ ಮೊದಲು ಗದ್ದೆ, ತೆಂಗಿನ ತೋಟ, ಕಬ್ಬು. ಅರಣ್ಯ ಇಲಾಖೆಯ ಗೇಟು ದಾಟಿದ ಮೇಲೆ ಕುರುಚಲು ಕಾಡು. ರಸ್ತೆ ಸುತ್ತಿ ಸುತ್ತಿ ಮೇಲೇರಿದಂತೆ ಮರಗಳು ಎತ್ತರವಾಗುತ್ತವೆ, ಹಳ್ಳದ ಪಕ್ಕದಲ್ಲಿ ಬಿದಿರು ಮೆಳೆಗಳು ಕಾಣಿಸಿಕೊಳ್ಳುತ್ತವೆ. ಬಸ್ಸಿನ ಕಿಟಕಿಯಲ್ಲಿ ಮುಖವಿಟ್ಟ ಮಕ್ಕಳೂ ದೊಡ್ಡವರೂ ಹುಡುಕುವುದು ಆನೆಯನ್ನು, ಕಾಟಿಯನ್ನು, ಅದೃಷ್ಟವಿದ್ದರೆ ಹುಲಿಯನ್ನು. ಹಳ್ಳದ ಮೇಲೆ ಬಾಗಿದ ಬಿದಿರು ಗಳದ ಮೇಲೆ ಸುರುಳಿ ಸುತ್ತಿ ಕುಳಿತಿರುವ, ಮೊಳವೊಂದೂವರೆ ಮೊಳ ಉದ್ದದ ಹಸಿರು ಹಾವನ್ನು ಹುಡುಕುವವರು ಅಪರೂಪ. ಹುಡುಕಿದರೂ ಅದು ಸುಲಭಕ್ಕೆ ಕಾಣುವುದಿಲ್ಲ. ಕಾಣದಿರುವುದೇ ಅದರ ಜೀವನೋಪಾಯ.

ಇದೇ ಬಿದಿರು ಮಂಡಲ. ಇಂಗ್ಲಿಷಿನಲ್ಲಿ ಬ್ಯಾಂಬೂ ಪಿಟ್ ವೈಪರ್ ಎಂದು ಕರೆಯುವ ಈ ಹಾವು ಗುಳಿಮಂಡಲಗಳ ಗುಂಪಿಗೆ ಸೇರಿದ್ದು. ವಿಷದ ಹಾವು, ಆದರೆ ನಾಗರಹಾವು, ಕೊಳಕು ಮಂಡಲಗಳ ಹಾಗೆ ಊರೊಳಗೆ ಬರುವಂಥದ್ದಲ್ಲ. ಬಿಳಿಗಿರಿರಂಗನ ಬೆಟ್ಟದಿಂದ ಹನೂರಿನ ಕಾಡುಗಳವರೆಗೆ, ಮಲೆ ಮಹದೇಶ್ವರ ಬೆಟ್ಟದ ಕಣಿವೆಗಳವರೆಗೆ ಹಬ್ಬಿರುವ ಈ ಬೆಟ್ಟಸಾಲಿನಲ್ಲಿ ಮರ, ಪೊದೆ, ಬಿದಿರನ್ನೇ ಮನೆ ಮಾಡಿಕೊಂಡಿದೆ. ಇದರ ಬಗ್ಗೆ ಊರಿನಲ್ಲಿ ಭಯ ಬೇಕಾದಷ್ಟಿದೆ, ತಿಳಿವಳಿಕೆ ಕಡಿಮೆ. ಆ ಭಯದ ದಂಡ ತೆರುವುದು ಬಹುಪಾಲು ಬೇರೆ ಹಾವುಗಳು.

ಹಸಿರೆಲ್ಲ ಮಂಡಲವಲ್ಲ

ಮಾವಿನ ತೋಪಿನಲ್ಲೋ ಬೇಲಿಯ ಮೇಲೋ ಹಸಿರು ಹಾವು ಕಂಡರೆ ಕೂಡಲೇ ಕೋಲು ಹುಡುಕುವುದು ಹಳ್ಳಿಯ ವಾಡಿಕೆ. ಅದು ಮರದಿಂದ ಹಾರಿ ಕಣ್ಣಿಗೇ ಕುಕ್ಕುತ್ತದೆ, ನೆತ್ತಿಗೇ ಹೊಡೆಯುತ್ತದೆ ಎಂಬ ಮಾತು ಮೈಸೂರು ಸೀಮೆಯಲ್ಲೂ ಇದೆ, ತಮಿಳುನಾಡಿನಲ್ಲೂ ಇದೆ. ತಮಿಳಿನಲ್ಲಂತೂ ಅದರ ಹೆಸರೇ 'ಕಣ್ ಕೊತ್ತಿ ಪಾಂಬು', ಅಂದರೆ ಕಣ್ಣು ಕುಕ್ಕುವ ಹಾವು. 1956ರವರೆಗೆ ಮದ್ರಾಸು ಪ್ರಾಂತ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿದ್ದ ಕೊಳ್ಳೇಗಾಲಕ್ಕೆ ಈ ನಂಬಿಕೆ ಎರಡೂ ಕಡೆಯಿಂದ ಬಂದಿದ್ದರೆ ಆಶ್ಚರ್ಯವಿಲ್ಲ.

ಹೀಗೆ ಸಾಯುವುದು ಸಾಮಾನ್ಯವಾಗಿ ಬಿದಿರು ಮಂಡಲವಲ್ಲ, ಬಳ್ಳಿಯಂತೆ ತೆಳ್ಳಗಿರುವ ಹಸಿರು ಹಾವು. ಅದಕ್ಕೂ ಸ್ವಲ್ಪ ವಿಷವಿದೆ. ಆದರೆ ವಿಷದ ಹಲ್ಲು ಬಾಯಿಯ ಹಿಂಭಾಗದಲ್ಲಿದ್ದು, ಓತಿ, ಕಪ್ಪೆಗಳನ್ನು ಹಿಡಿಯಲು ಸಾಕಾಗುವಷ್ಟು ಮಾತ್ರ. ಮನುಷ್ಯನಿಗೆ ಅದರಿಂದ ಪ್ರಾಣಭಯವಿಲ್ಲ. ಕೆಣಕಿದಾಗ ಬಾಯಿ ತೆರೆದು ಮುಖದತ್ತ ಚಾಚುವುದುಂಟು. ಕಣ್ಣಿನ ಕತೆ ಹುಟ್ಟಿದ್ದು ಬಹುಶಃ ಅಲ್ಲಿಂದಲೇ.

ಇವೆರಡನ್ನೂ ಗುರುತಿಸಲು ಹತ್ತಿರ ಹೋಗಬೇಕಾಗಿಲ್ಲ. ಹಸಿರು ಹಾವು ಚಾಟಿಯಂತೆ ಉದ್ದ, ಹೆಚ್ಚೂಕಡಿಮೆ ಬೆರಳಿನ ದಪ್ಪ, ಮೂತಿ ಚೂಪು. ಹಗಲು ಹೊತ್ತು ಚುರುಕಾಗಿ ಓಡಾಡುತ್ತದೆ. ನಿಂತಾಗ ಗಾಳಿಗೆ ತೂಗುವ ಕಡ್ಡಿಯಂತೆ ತೂಗುತ್ತದೆ. ಕಣ್ಣಿನ ಪಾಪೆ ಅಡ್ಡಲಾಗಿ ಕೀಲಿರಂಧ್ರದಂತಿರುತ್ತದೆ. ಬಿದಿರು ಮಂಡಲ ಗಿಡ್ಡ, ಮೈ ದಪ್ಪ. ತಲೆ ಅಗಲವಾದ ತ್ರಿಕೋನ, ಅದಕ್ಕೆ ಸಣ್ಣ ಕುತ್ತಿಗೆ. ತಲೆಯ ಮೇಲೆ ಹಸಿರು ಹಾವಿಗಿರುವಂಥ ದೊಡ್ಡ ಫಲಕಗಳಿಲ್ಲ, ಸಣ್ಣ ಸಣ್ಣ ಹುರುಪೆಗಳು. ಕಣ್ಣಿನ ಪಾಪೆ ಬೆಕ್ಕಿನಂತೆ ಲಂಬ. ಹಗಲೆಲ್ಲ ಒಂದೇ ಕಡೆ ಬಿದ್ದಿರುತ್ತದೆ, ಕತ್ತಲಾದ ಮೇಲೆ ಬೇಟೆಗೆ ಸಿದ್ಧವಾಗುತ್ತದೆ. ತಲೆಯ ತ್ರಿಕೋನವೊಂದನ್ನೇ ನಂಬಿ 'ವಿಷದ ಹಾವು' ಎಂದು ತೀರ್ಮಾನಿಸುವುದು ಮಾತ್ರ ತಪ್ಪು. ನಾಗರಹಾವಿನ ತಲೆ ತ್ರಿಕೋನವಲ್ಲ. ವಿಷವಿಲ್ಲದ ಎಷ್ಟೋ ಹಾವುಗಳು ಹೆದರಿದಾಗ ತಲೆ ಚಪ್ಪಟೆ ಮಾಡಿ ತ್ರಿಕೋನವಾಗುತ್ತವೆ.

ಹಾವಿನ ಹಸಿರಿನಲ್ಲೂ ಒಂದು ಗುಟ್ಟಿದೆ. ಎಲೆಯ ಹಸಿರಿಗೆ ಕಾರಣವಾದ ಪತ್ರಹರಿತ್ತು ಹಾವಿನ ಮೈಯಲ್ಲಿಲ್ಲ. ಚರ್ಮದ ಒಂದು ಪದರದಲ್ಲಿ ಹಳದಿ ಬಣ್ಣದ್ರವ್ಯ, ಅದರ ಕೆಳಗಿನ ಪದರದಲ್ಲಿ ನೀಲಿ ಬೆಳಕನ್ನು ಚದುರಿಸುವ ಸೂಕ್ಷ್ಮ ಹರಳುಗಳು. ಎರಡೂ ಸೇರಿ ಕಣ್ಣಿಗೆ ಹಸಿರು. ವಸ್ತುಸಂಗ್ರಹಾಲಯಗಳಲ್ಲಿ ಮದ್ಯಸಾರದ ಸೀಸೆಯೊಳಗೆ ಬಹುಕಾಲ ಇಟ್ಟ ಹಸಿರು ಹಾವುಗಳು ನೀಲಿಯಾಗಿ ಕಾಣುವುದು ಇದರಿಂದಲೇ. ಹಳದಿ ಕರಗಿ ಹೋಗಿರುತ್ತದೆ.

ಬಿದಿರಿನ ನಾಡು

ಬಿಳಿಗಿರಿರಂಗನ ಬೆಟ್ಟ ಪಶ್ಚಿಮ ಘಟ್ಟವನ್ನೂ ಪೂರ್ವ ಘಟ್ಟವನ್ನೂ ಜೋಡಿಸುವ ಕೊಂಡಿ. ತಪ್ಪಲಿನ ಸುಮಾರು 600 ಮೀಟರ್‌ನಿಂದ ಶಿಖರಗಳ 1800 ಮೀಟರ್‌ವರೆಗೆ ಏರುವಷ್ಟರಲ್ಲಿ ಮುಳ್ಳುಪೊದೆಯ ಕಾಡು, ಎಲೆಯುದುರುವ ಕಾಡು, ನಿತ್ಯಹಸಿರಿನ ಸೋಲೆ, ಹುಲ್ಲುಗಾವಲು ಎಲ್ಲವೂ ಸಿಗುತ್ತವೆ. ಮುಂಗಾರು, ಹಿಂಗಾರು ಎರಡರ ಮಳೆಯೂ ಬೀಳುತ್ತದೆ. 1974ರಲ್ಲಿ ವನ್ಯಧಾಮವಾದ ಈ ಕಾಡು 2011ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು. ಪೂರ್ವಕ್ಕೆ ಹನೂರು ದಾಟಿದರೆ 2013ರಲ್ಲಿ ಘೋಷಣೆಯಾದ ಮಲೆ ಮಹದೇಶ್ವರ ವನ್ಯಧಾಮ, ಅದಕ್ಕೆ ಅಂಟಿಕೊಂಡಂತೆ ಕಾವೇರಿ ವನ್ಯಧಾಮ. ಈ ಕಾಡುಗಳ ಹೆಸರು ಬಹುಕಾಲ ಪತ್ರಿಕೆಗಳಲ್ಲಿ ಬರುತ್ತಿದ್ದುದು ವೀರಪ್ಪನ್ ಸುದ್ದಿಯ ಜೊತೆಗೆ ಮಾತ್ರ. 2004ರಲ್ಲಿ ಅವನ ಕತೆ ಮುಗಿದ ಮೇಲೆಯೇ ಹಾವು, ಹಕ್ಕಿ, ಕಪ್ಪೆಗಳನ್ನು ನೋಡುವವರು ಇಲ್ಲಿ ನಿರಾಳವಾಗಿ ಓಡಾಡುವಂತಾದದ್ದು.

ಈ ಬೆಟ್ಟಗಳ ಮೂಲನಿವಾಸಿಗಳು ಸೋಲಿಗರು. 'ಸೋಲಿಗ' ಎಂದರೆ ಬಿದಿರಿನ ಮಕ್ಕಳು ಎಂದು ಅರ್ಥ ಹೇಳುವುದುಂಟು. ಮಾದಪ್ಪನ ಮಗನೆಂದು ಅವರು ನಂಬುವ ಕಾರಯ್ಯನ ಕತೆಯಲ್ಲೂ ಬಿದಿರು ಬರುತ್ತದೆ. ಬಿಳಿಗಿರಿರಂಗ ಸೋಲಿಗರ ಹುಡುಗಿ ಕುಸುಮಾಲೆಯನ್ನು ಮದುವೆಯಾದವನಾದ್ದರಿಂದ ಅವರಿಗೆ ಅವನು ದೇವರೂ ಹೌದು, ಭಾವನೂ ಹೌದು. ಜೇನು, ನೆಲ್ಲಿಕಾಯಿ, ಕಲ್ಲುಹೂವು ಎಂದು ವರ್ಷವಿಡೀ ಕಾಡಿನಲ್ಲಿ ಓಡಾಡುವ, ಮರ ಹತ್ತುವ ಈ ಜನ ಬಿದಿರು ಮಂಡಲದ ನಿತ್ಯದ ನೆರೆಹೊರೆ. ಬಿದಿರು ಎಂಬ ಹೆಸರಿದ್ದರೂ ಹಾವು ಬಿದಿರಿಗೇ ಕಟ್ಟುಬಿದ್ದಿಲ್ಲ. ತೊರೆಯ ಪಕ್ಕದ ಪೊದೆ, ಬಳ್ಳಿ, ಸಣ್ಣ ಮರದ ಕೊಂಬೆ ಎಲ್ಲವೂ ಅದಕ್ಕೆ ಆಗುತ್ತದೆ.

ಪುಸ್ತಕದ ಲೋಕಕ್ಕೆ ಈ ಹಾವು ಬಂದದ್ದು ಪೂರ್ವ ಕರಾವಳಿಯಿಂದ. ಈಸ್ಟ್ ಇಂಡಿಯಾ ಕಂಪನಿಯ ಕೆಲಸದಲ್ಲಿದ್ದ ಸ್ಕಾಟ್ಲೆಂಡಿನ ವೈದ್ಯ ಪ್ಯಾಟ್ರಿಕ್ ರಸೆಲ್ ಕೋರಮಂಡಲ ತೀರದ ಹಾವುಗಳ ಬಗ್ಗೆ ಬರೆದ ದೊಡ್ಡ ಗ್ರಂಥ 1796ರಲ್ಲಿ ಲಂಡನ್ನಿನಲ್ಲಿ ಅಚ್ಚಾಯಿತು. ಕೊಳಕು ಮಂಡಲಕ್ಕೆ ಇಂಗ್ಲಿಷಿನಲ್ಲಿ 'ರಸೆಲ್ಸ್ ವೈಪರ್' ಎಂಬ ಹೆಸರು ಬಂದದ್ದು ಇದೇ ರಸೆಲ್‌ನಿಂದ. ವಿಶಾಖಪಟ್ಟಣದ ಕಡೆ ಸಿಕ್ಕ ಒಂದು ಹಸಿರು ಹಾವಿನ ಚಿತ್ರ ಬರೆಸಿ, ಜನರ ಬಾಯಲ್ಲಿ ಕೇಳಿದಂತೆ 'ಬೋದ್ರೂ ಪಾಮ್' ಎಂದು ಅದರಲ್ಲಿ ದಾಖಲಿಸಿದ. ಪಾಮು ಎಂದರೆ ತೆಲುಗಿನಲ್ಲಿ ಹಾವು. ಆ ಚಿತ್ರವನ್ನು ಆಧರಿಸಿ 1802ರಲ್ಲಿ ಜಾರ್ಜ್ ಶಾ ಎಂಬಾತ ಅದಕ್ಕೆ 'ಗ್ರಾಮಿನಿಯಸ್' ಎಂದು ಹೆಸರಿಟ್ಟ, ಅಂದರೆ ಹುಲ್ಲಿನಂಥದ್ದು. ಬಹುಕಾಲ 'ಟ್ರೈಮೆರೆಸುರಸ್' ಎಂಬ ಕುಲದಲ್ಲಿದ್ದ ಈ ಹಾವು ಈಗ 'ಕ್ರಾಸ್ಪೆಡೊಸೆಫಾಲಸ್' ಆಗಿದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸಂಶೋಧಕರೂ ಸೇರಿದ್ದ ತಂಡವೊಂದು 2021ರಲ್ಲಿ ದಕ್ಷಿಣ ಭಾರತದ ಗುಳಿಮಂಡಲಗಳ ವಂಶವಾಹಿ, ಮೈಕಟ್ಟು ಎರಡನ್ನೂ ಹೋಲಿಸಿ, ಒಂದೇ ಎಂದು ಎಣಿಸಿದ್ದವುಗಳೊಳಗೆ ಹಲವು ಪ್ರಭೇದಗಳು ಅಡಗಿರುವುದನ್ನು ತೋರಿಸಿತು. ಇನ್ನೂರು ವರ್ಷದ ಹಿಂದೆ ಹೆಸರಿಟ್ಟ ಪ್ರಾಣಿಯ ವಿಳಾಸ ಸರಿಪಡಿಸುವ ಕೆಲಸ ಇಂದಿಗೂ ನಡೆದಿದೆ ಎಂಬುದು ಪ್ರಾಣಿಶಾಸ್ತ್ರ ಓದುವ ಹುಡುಗರಿಗೆ ಒಳ್ಳೆಯ ಸುದ್ದಿಯೇ. ಹೊಸ ಹೆಸರುಗಳೂ ಸೇರುತ್ತಲೇ ಇವೆ: 2020ರಲ್ಲಿ ಅರುಣಾಚಲ ಪ್ರದೇಶದಿಂದ ವರ್ಣಿಸಲಾದ ಹಸಿರು ಗುಳಿಮಂಡಲವೊಂದಕ್ಕೆ ಹ್ಯಾರಿ ಪಾಟರ್ ಕತೆಗಳಲ್ಲಿ ಹಾವಿನ ಭಾಷೆ ಬಲ್ಲ ಸಲಜಾರ್ ಸ್ಲಿದರಿನ್‌ನ ಹೆಸರಿಟ್ಟಿದ್ದಾರೆ.

ಮುಖದ ಮೇಲಿನ ಗುಳಿ

ಗುಳಿಮಂಡಲ ಎಂಬ ಹೆಸರು ಬಂದದ್ದು ಅದರ ಮುಖದಿಂದ. ಕಣ್ಣಿಗೂ ಮೂಗಿನ ಹೊಳ್ಳೆಗೂ ನಡುವೆ, ಎರಡೂ ಬದಿಯಲ್ಲಿ, ಒಂದೊಂದು ಗುಳಿ. ನೋಡುವವರಿಗೆ ಇನ್ನೊಂದು ಜೊತೆ ಮೂಗಿನ ಹೊಳ್ಳೆಯಂತೆ ಕಾಣುತ್ತದೆ. ಇದು ಏಕಿದೆ ಎಂಬುದು ಪ್ರಾಣಿಶಾಸ್ತ್ರಜ್ಞರಿಗೆ ಬಹಳ ಕಾಲ ಒಗಟಾಗಿತ್ತು. ಕಿವಿಯೇ, ಮೂಗೇ, ಕಣ್ಣೀರಿನ ಚೀಲವೇ ಎಂದು ಊಹೆಗಳು ಹರಿದಾಡಿದವು.

1937ರಲ್ಲಿ ಅಮೆರಿಕದ ನೋಬಲ್ ಮತ್ತು ಶ್ಮಿಟ್ ಎಂಬಿಬ್ಬರು ಒಂದು ಸರಳ ಪ್ರಯೋಗ ಮಾಡಿದರು. ಹಾವಿನ ಕಣ್ಣು ಮುಚ್ಚಿ, ಬಟ್ಟೆ ಸುತ್ತಿದ ವಿದ್ಯುತ್ ಬಲ್ಬುಗಳನ್ನು ಅದರ ಮುಂದೆ ಆಡಿಸಿದರು. ತಣ್ಣಗಿನ ಬಲ್ಬನ್ನು ಹಾವು ಕೇಳಲಿಲ್ಲ. ಬಿಸಿ ಬಲ್ಬು ಬಂದರೆ ಗುರಿ ತಪ್ಪದೆ ಹೊಡೆಯಿತು. ಗುಳಿಯನ್ನು ಮುಚ್ಚಿದಾಗ ಆ ಶಕ್ತಿ ಹೋಯಿತು. 1952ರಲ್ಲಿ ಬುಲಕ್ ಮತ್ತು ಕೌಲ್ಸ್ ಗುಳಿಯಿಂದ ಮಿದುಳಿಗೆ ಹೋಗುವ ನರದ ಮಿಡಿತವನ್ನೇ ಉಪಕರಣದಲ್ಲಿ ಹಿಡಿದು, ಎದುರಿಗೆ ಬೆಚ್ಚಗಿನ ವಸ್ತು ಬಂದೊಡನೆ ಮಿಡಿತ ಹೆಚ್ಚುವುದನ್ನು ತೋರಿಸಿದರು.

ಒಲೆಯಿಂದ ಮಾರು ದೂರ ಕುಳಿತರೂ ಮುಖಕ್ಕೆ ಬಿಸಿ ತಟ್ಟುತ್ತದಲ್ಲ, ಅದು ಒಲೆಯಿಂದ ಹೊರಡುವ ಅವಕೆಂಪು ಕಿರಣ. ಬೆಚ್ಚಗಿರುವ ಎಲ್ಲ ವಸ್ತುವೂ ಈ ಕಿರಣವನ್ನು ಹೊರಸೂಸುತ್ತದೆ: ಇಲಿಯ ಮೈ, ಹಕ್ಕಿಯ ಮೈ, ನಮ್ಮ ಅಂಗೈ. ನಮ್ಮ ಕಣ್ಣಿಗೆ ಅದು ಕಾಣುವುದಿಲ್ಲ. ಹಾವಿನ ಗುಳಿಯೊಳಗೆ ಒಂದು ಪೊರೆ ತಮಟೆಯ ಚರ್ಮದಂತೆ ಬಿಗಿದುಕೊಂಡಿರುತ್ತದೆ. ಅದರ ದಪ್ಪ ಒಂದು ಮಿಲಿಮೀಟರಿನ ನೂರನೇ ಒಂದೂವರೆ ಭಾಗ, ತಲೆಗೂದಲಿಗಿಂತ ಎಷ್ಟೋ ತೆಳು. ಹಿಂದೆ ಗಾಳಿ, ಮುಂದೆ ಗಾಳಿ. ಇಷ್ಟು ತೆಳ್ಳಗಿರುವುದರಿಂದ ಅತ್ಯಲ್ಪ ಶಾಖ ಬಿದ್ದರೂ ಕ್ಷಣದಲ್ಲಿ ಬಿಸಿಯಾಗುತ್ತದೆ. ಒಂದು ಡಿಗ್ರಿಯ ಸಾವಿರದ ಕೆಲವೇ ಭಾಗದಷ್ಟು ವ್ಯತ್ಯಾಸವನ್ನೂ ಅದು ಗ್ರಹಿಸಬಲ್ಲದು. ಜ್ವರ ನೋಡುವ ಥರ್ಮಾಮೀಟರು ಇದರ ಮುಂದೆ ಮೊದ್ದು ಉಪಕರಣ.

ಪೊರೆಯಲ್ಲಿ ಶಾಖವನ್ನು ಹಿಡಿಯುವುದು ಯಾವುದು ಎಂಬುದು ತಿಳಿದದ್ದು 2010ರಲ್ಲಿ. ಕ್ಯಾಲಿಫೋರ್ನಿಯಾದ ಡೇವಿಡ್ ಜೂಲಿಯಸ್ ಅವರ ತಂಡ, ಗುಳಿಮಂಡಲಗಳ ಬಳಗಕ್ಕೇ ಸೇರಿದ ಅಮೆರಿಕದ ಬುಡುಬುಡಿಕೆ ಹಾವಿನಲ್ಲಿ ಅದನ್ನು ಪತ್ತೆ ಮಾಡಿತು. ಅದೊಂದು ಪ್ರೋಟೀನು. ಅದೇ ಪ್ರೋಟೀನು ನಮ್ಮಲ್ಲೂ ಇದೆ, ಆದರೆ ಕೆಲಸ ಬೇರೆ: ಸಾಸಿವೆ ಅರೆಯುವಾಗ ಮೂಗಿಗೆ ಅಡರುವ ಘಾಟನ್ನು ತಿಳಿಸುವುದು. ಇದೇ ಜೂಲಿಯಸ್ ಅದಕ್ಕೂ ಮುಂಚೆ, 1997ರಲ್ಲಿ, ಮೆಣಸಿನಕಾಯಿಯ ಖಾರ ಏಕೆ ಉರಿಯುತ್ತದೆ ಎಂದು ಹುಡುಕುತ್ತ ನಮ್ಮ ಮೈಯ ಶಾಖಗ್ರಾಹಕವನ್ನು ಕಂಡುಹಿಡಿದಿದ್ದರು. ಆ ಸಂಶೋಧನೆಗೆ 2021ರ ವೈದ್ಯಕೀಯ ನೊಬೆಲ್ ಪ್ರಶಸ್ತಿಯಲ್ಲಿ ಪಾಲು ದೊರೆಯಿತು. ಅಡುಗೆಮನೆಯ ಮೆಣಸಿನಕಾಯಿಗೂ ಸಾಸಿವೆಗೂ ಕಾಡಿನ ಹಾವಿಗೂ ಇರುವ ಈ ನಂಟು ಯಾವ ಪಠ್ಯಪುಸ್ತಕಕ್ಕೂ ಶೋಭೆ ತರುವಂಥದ್ದು.

ಗುಳಿಯಿಂದ ಬಂದ ಸಂಕೇತ ಹಾವಿನ ಮಿದುಳಿನಲ್ಲಿ ಕಣ್ಣಿನ ಸಂಕೇತದ ಜೊತೆಗೇ ಸೇರುತ್ತದೆ. ಅಂದರೆ ಹಾವಿಗೆ ಶಾಖ ಎಂಬುದು ಬೇರೆಯೇ ಆದ ಅನುಭವವಲ್ಲ, ನೋಟದ ಮೇಲೆ ಬಳಿದ ಇನ್ನೊಂದು ಬಣ್ಣ. ಕಗ್ಗತ್ತಲಿನಲ್ಲಿ ಕೊಂಬೆಯ ಮೇಲೆ ನಡೆದು ಬರುವ ಇಲಿ ಅದಕ್ಕೆ ದೀಪ ಹಿಡಿದು ಬಂದಂತೆ. ಹಾಗಾದರೆ ತಣ್ಣನೆಯ ಮೈಯ ಕಪ್ಪೆಯ ಗತಿ? ಒದ್ದೆ ಚರ್ಮದ ಕಪ್ಪೆ ಸುತ್ತಲಿನ ತೊಗಟೆಗಿಂತ ತಂಪಾಗಿರುತ್ತದೆ. ಬೆಚ್ಚಗಿನ ಹಿನ್ನೆಲೆಯಲ್ಲಿ ತಂಪಾದ ಕಲೆ ಕಂಡರೂ ಗುಳಿಗೆ ಅದು ಸುದ್ದಿಯೇ. ಬಿದಿರು ಮಂಡಲದ ಊಟದಲ್ಲಿ ಕಪ್ಪೆ, ಓತಿ, ಸಣ್ಣ ಹಕ್ಕಿ, ಇಲಿ ಎಲ್ಲಕ್ಕೂ ಸ್ಥಾನವಿದೆ.

ಕಾಯುವುದೇ ಕಸುಬು

ಕೇರೆಹಾವು ಬೇಟೆಯನ್ನು ಹುಡುಕಿಕೊಂಡು ಹೋಗುತ್ತದೆ. ಬಿದಿರು ಮಂಡಲ ಕಾಯುತ್ತದೆ. ಬಾಲವನ್ನು ಕೊಂಬೆಗೆ ಕೈಯಂತೆ ಸುತ್ತಿ ಹಿಡಿದು, ಕುತ್ತಿಗೆಯನ್ನು ಎಸ್ ಅಕ್ಷರದಂತೆ ಮಡಚಿ, ತಲೆ ಕೆಳಗೆ ಮಾಡಿ ಗಂಟೆಗಟ್ಟಲೆ ಕದಲದೆ ಇರುತ್ತದೆ. ಬೇಟೆ ಹತ್ತಿರ ಬಂದಾಗ ಹೊಡೆಯುವುದು ಕಣ್ಣು ಮಿಟುಕಿಸುವುದಕ್ಕಿಂತ ಬೇಗ. ಮಂಡಲಗಳ ವಿಷದ ಹಲ್ಲು ಉದ್ದವಾಗಿದ್ದು, ಬಾಯಿ ಮುಚ್ಚಿದಾಗ ಚಾಕುವಿನ ಅಲಗಿನಂತೆ ಮಡಚಿಕೊಂಡು, ತೆರೆದಾಗ ಮುಂದಕ್ಕೆ ನಿಲ್ಲುತ್ತದೆ. ನೆಲದ ಮೇಲಿನ ಕೊಳಕು ಮಂಡಲ ಇಲಿಯನ್ನು ಕಚ್ಚಿ ಬಿಟ್ಟು, ಆಮೇಲೆ ವಾಸನೆ ಹಿಡಿದು ಹುಡುಕುತ್ತದೆ. ಮರದ ಮೇಲೆ ಹಾಗೆ ಬಿಟ್ಟರೆ ಊಟ ಕೆಳಗೆ ಬಿದ್ದು ಹೋಗುತ್ತದೆ. ಆದ್ದರಿಂದ ಮರವಾಸಿ ಮಂಡಲಗಳು ಕಚ್ಚಿದ್ದನ್ನು ಸಾಮಾನ್ಯವಾಗಿ ಬಿಡುವುದಿಲ್ಲ.

ಮೊಟ್ಟೆಯಿಡುವ ಗೊಡವೆಯೂ ಇದಕ್ಕಿಲ್ಲ. ಮೊಟ್ಟೆಗಳು ತಾಯಿಯ ಹೊಟ್ಟೆಯಲ್ಲೇ ಬೆಳೆದು, ಬೆರಳುದ್ದದ ಆರರಿಂದ ಹನ್ನೊಂದು ಮರಿಗಳಾಗಿ ಹೊರಬರುತ್ತವೆ. ಹುಟ್ಟಿದ ದಿನದಿಂದಲೇ ವಿಷವಿರುತ್ತದೆ, ಹುಟ್ಟಿದ ದಿನದಿಂದಲೇ ಸ್ವತಂತ್ರ ಸಂಸಾರ.

ಈ ಕದಲದ ಸ್ವಭಾವವನ್ನು ಕಣ್ಣಾರೆ ನೋಡಬೇಕೆಂದರೆ ಮಲೇಷ್ಯಾದ ಪೆನಾಂಗ್ ದ್ವೀಪಕ್ಕೆ ಹೋಗಬೇಕು. ಅಲ್ಲಿ ಹತ್ತೊಂಬತ್ತನೆಯ ಶತಮಾನದ ಚೀನೀ ಗುಡಿಯೊಂದಿದೆ. ಅದರ ಒಳಗೂ ಅಂಗಳದ ಗಿಡಗಳಲ್ಲೂ ಇದರ ದೂರದ ನೆಂಟನಾದ ವ್ಯಾಗ್ಲರ್ ಗುಳಿಮಂಡಲಗಳು ಮಲಗಿರುತ್ತವೆ. ಊದುಬತ್ತಿಯ ಹೊಗೆ, ಯಾತ್ರಿಕರ ಗದ್ದಲ ಯಾವುದಕ್ಕೂ ಅವು ಜಗ್ಗುವುದಿಲ್ಲ. ಹೊಗೆಗೆ ಮತ್ತೇರಿದೆ ಎನ್ನುತ್ತಾರೆ ಕೆಲವರು, ದೇವರ ಮಹಿಮೆ ಎನ್ನುತ್ತಾರೆ ಇನ್ನು ಕೆಲವರು. ಹಗಲು ಹೊತ್ತು ಮರವಾಸಿ ಗುಳಿಮಂಡಲಗಳು ಇರುವುದೇ ಹಾಗೆ.

ಮನುಷ್ಯನಿಗೆ ತೊಂದರೆಯಾಗುವುದೂ ಇದರಿಂದಲೇ. ಕಾಡಿನಲ್ಲಿ ಕಾಲು ಬಡಿಯುತ್ತ, ಕೋಲು ಕುಟ್ಟುತ್ತ ನಡೆದರೆ ನೆಲದ ಮೇಲಿನ ಹಾವುಗಳಲ್ಲಿ ಹೆಚ್ಚಿನವು ನೆಲದ ಅದುರಿಗೆ ಸರಿದುಹೋಗುತ್ತವೆ. ಎದೆಯ ಮಟ್ಟದ ಕೊಂಬೆಯಲ್ಲಿರುವ ಬಿದಿರು ಮಂಡಲ ಸರಿಯುವುದಿಲ್ಲ. ತಾನು ಎಲೆಯೆಂದೇ ಅದರ ಭರವಸೆ. ಕೈ ತೀರ ಹತ್ತಿರ ಬಂದಾಗ ಮಾತ್ರ ಹೊಡೆಯುತ್ತದೆ. ಆದ್ದರಿಂದ ಇದರ ಕಡಿತ ಕಾಲಿಗಿಂತ ಕೈಗೆ, ಬೆರಳಿಗೆ, ಒಮ್ಮೊಮ್ಮೆ ಮುಖಕ್ಕೆ ಬೀಳುವುದು ಸಹಜ: ಬಿದಿರು ಕಡಿಯುವವರಿಗೆ, ಕಾಫಿ ಗಿಡ ಸವರುವವರಿಗೆ, ಸೌದೆಗೆ ಕೈಹಾಕುವವರಿಗೆ.

ಕಚ್ಚಿದರೆ?

ಬಿದಿರು ಮಂಡಲ ಕಚ್ಚಿ ಸಾಯುವುದು ತೀರ ಅಪರೂಪ. ಆದರೆ ನೋವು ತೀವ್ರ. ಕಚ್ಚಿದ ಜಾಗ ಊದಿಕೊಳ್ಳುತ್ತದೆ, ಬಾವು ಕೈಯುದ್ದಕ್ಕೂ ಏರುವುದುಂಟು, ಗುಳ್ಳೆ ಏಳಬಹುದು, ವಾಂತಿಯಾಗಬಹುದು. ರಕ್ತ ಹೆಪ್ಪುಗಟ್ಟುವ ವ್ಯವಸ್ಥೆಯನ್ನು ಮಂಡಲದ ವಿಷ ಕೆಡಿಸಬಲ್ಲದು. ಮೈ ಚಿಕ್ಕದಾದ ಮಕ್ಕಳಿಗೆ ಅಷ್ಟೇ ವಿಷ ಹೆಚ್ಚು ಭಾರ.

ಇಲ್ಲಿ ತಂದೆತಾಯಿಗಳು ತಿಳಿದಿರಬೇಕಾದ ಒಂದು ವಿಷಯವಿದೆ. ನಮ್ಮ ಆಸ್ಪತ್ರೆಗಳಲ್ಲಿರುವ ಹಾವಿನ ಪ್ರತಿವಿಷ ನಾಲ್ಕು ಹಾವುಗಳ ವಿಷವನ್ನು ಬಳಸಿ ತಯಾರಿಸಿದ್ದು: ನಾಗರಹಾವು, ಕಟ್ಟುಹಾವು, ಕೊಳಕು ಮಂಡಲ, ಗರಗಸ ಮಂಡಲ. ದೇಶದಲ್ಲಿ ಹೆಚ್ಚು ಜನರನ್ನು ಕೊಲ್ಲುವವು ಎಂದು ಹೆಸರಾದ ಹಾವುಗಳೆಂದು ಇವನ್ನು ಆರಿಸಿದ್ದಾರೆ. ಗುಳಿಮಂಡಲದ ವಿಷ ಅದರಲ್ಲಿಲ್ಲ. ಆದ್ದರಿಂದ ಬಿದಿರು ಮಂಡಲದ ಕಡಿತಕ್ಕೆ ಈ ಚುಚ್ಚುಮದ್ದು ಭರವಸೆಯ ಮದ್ದಲ್ಲ. ಹಸಿರು ಗುಳಿಮಂಡಲಗಳ ಕಾಟ ಬ್ಯಾಂಕಾಕ್ ನಗರದೊಳಗೇ ಇರುವ ಥಾಯ್ಲೆಂಡ್ ತನ್ನ ಹಾವಿಗೆ ತಾನೇ ಬೇರೆ ಪ್ರತಿವಿಷ ತಯಾರಿಸಿಕೊಂಡಿದೆ. ಭಾರತದಲ್ಲಿ ಗುಳಿಮಂಡಲಗಳಿಗೆಂದೇ ತಯಾರಾದ ಪ್ರತಿವಿಷ ಬಳಕೆಯಲ್ಲಿಲ್ಲ. ಬಿದಿರು ಕಡಿಯುವವರು, ಕಾಡಿನಂಚಿನ ಜನ ಹೆಚ್ಚಾಗಿ ಅನುಭವಿಸುವ ಈ ನೋವಿಗೆ ಮಾರುಕಟ್ಟೆ ದೊಡ್ಡದಲ್ಲ ಎಂಬುದನ್ನು ಬಿಟ್ಟರೆ ಇದಕ್ಕೆ ಬೇರೆ ಸಮರ್ಥನೆ ಹುಡುಕುವುದು ಕಷ್ಟ.

ಹಾಗೆಂದು 'ಮದ್ದೇ ಇಲ್ಲವಲ್ಲ, ಆಸ್ಪತ್ರೆಗೆ ಏಕೆ' ಎಂದು ನಾಟಿ ಔಷಧಿಗೆ, ಮಂತ್ರಕ್ಕೆ ಹೋಗುವುದು ದೊಡ್ಡ ತಪ್ಪು. ಮೊದಲನೆಯದಾಗಿ, ಕತ್ತಲಲ್ಲಿ ಕಚ್ಚಿದ್ದು ಯಾವ ಹಾವೆಂದು ನಿಶ್ಚಯವಾಗಿ ಹೇಳುವವರು ಯಾರು? ಹನೂರಿನ ಹೊಲಗಳಲ್ಲಿ ಕೊಳಕು ಮಂಡಲವೂ ಇದೆ, ಕಟ್ಟುಹಾವೂ ಇದೆ. ಅವು ಕಚ್ಚಿದ್ದರೆ ಅದೇ ಚುಚ್ಚುಮದ್ದು ಪ್ರಾಣ ಉಳಿಸುತ್ತದೆ, ತಡವಾದರೆ ಉಳಿಸದೆಯೂ ಹೋಗಬಹುದು. ಎರಡನೆಯದಾಗಿ, ಬಿದಿರು ಮಂಡಲವೇ ಕಚ್ಚಿದ್ದರೂ ನೋವಿಗೆ, ಬಾವಿಗೆ, ಸೋಂಕಿಗೆ ಚಿಕಿತ್ಸೆ ಬೇಕು, ರಕ್ತದ ಮೇಲೆ ಕಣ್ಣಿಡಬೇಕು.

ರಕ್ತದ ಪರೀಕ್ಷೆ ಬಲು ಸರಳ. ಶುಭ್ರವಾದ ಒಣ ಗಾಜಿನ ನಳಿಕೆಯಲ್ಲಿ ಒಂದೆರಡು ಮಿಲಿಲೀಟರ್ ರಕ್ತ ಹಾಕಿ ಇಪ್ಪತ್ತು ನಿಮಿಷ ಅಲುಗಾಡಿಸದೆ ಇಡುತ್ತಾರೆ. ಆಮೇಲೆ ಬಗ್ಗಿಸಿ ನೋಡುತ್ತಾರೆ. ಹೆಪ್ಪುಗಟ್ಟದೆ ಹರಿದರೆ ವಿಷ ರಕ್ತಕ್ಕೆ ಸೇರಿದೆ ಎಂದರ್ಥ. ದೊಡ್ಡ ಯಂತ್ರ ಬೇಡ. ತಾಲ್ಲೂಕು ಆಸ್ಪತ್ರೆಯಲ್ಲೂ, ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲೂ ಮಾಡಬಹುದು. ತೊಡಕು ಇರುವುದು ಮುಂದೆ. ರಕ್ತ ಹೆಪ್ಪುಗಟ್ಟದಿದ್ದರೆ ವೈದ್ಯರು ಕೊಳಕು ಮಂಡಲವೆಂದು ಭಾವಿಸಿ ಪ್ರತಿವಿಷ ಕೊಡುವುದು ನ್ಯಾಯವೇ. ಕಚ್ಚಿದ್ದು ಗುಳಿಮಂಡಲವಾಗಿದ್ದರೆ ಆ ಮದ್ದಿನಿಂದ ಲಾಭ ಕಡಿಮೆ, ಒಗ್ಗದಿಕೆಯ ಅಪಾಯ ಮಾತ್ರ ಉಳಿಯುತ್ತದೆ. ಆದ್ದರಿಂದ ದೂರದಿಂದ ಮೊಬೈಲಿನಲ್ಲಿ ತೆಗೆದ ಒಂದು ಚಿತ್ರ ವೈದ್ಯರಿಗೆ ಬಹಳ ನೆರವಾದೀತು. ಹಾವನ್ನು ಹಿಡಿದು ತರಲು, ಕೊಂದು ತರಲು ಹೋಗಿ ಇನ್ನೊಬ್ಬರು ಕಚ್ಚಿಸಿಕೊಳ್ಳುವುದು ಬೇಡ. ಸತ್ತ ಹಾವಿನ ತಲೆಯೂ ಸ್ವಲ್ಪ ಹೊತ್ತು ಕಚ್ಚಬಲ್ಲದು.

ಕಚ್ಚಿದ ಕೂಡಲೇ ಉಂಗುರ, ಬಳೆ, ಗಡಿಯಾರ ತೆಗೆಯಬೇಕು. ಬಾವು ಬಂದ ಮೇಲೆ ಅವು ಬೆರಳನ್ನೇ ಕಚ್ಚಿಕೊಳ್ಳುತ್ತವೆ. ಕೈಯನ್ನು ಅಲುಗಾಡಿಸದಂತೆ ಪಟ್ಟಿಕಡ್ಡಿಗೆ ಸಡಿಲವಾಗಿ ಕಟ್ಟಿ 108ಕ್ಕೆ ಕರೆ ಮಾಡಬೇಕು. ಹಗ್ಗ ಬಿಗಿಯುವುದು, ಬ್ಲೇಡಿನಿಂದ ಕುಯ್ಯುವುದು, ಬಾಯಿಂದ ಹೀರುವುದು ಮೂರೂ ಬೇಡ. ಅದರಲ್ಲೂ ಮಂಡಲದ ಕಡಿತಕ್ಕೆ ಹಗ್ಗ ಬಿಗಿದರೆ ಮೊದಲೇ ಊದಿದ ಕೈಗೆ ರಕ್ತ ನಿಂತು ಬೆರಳು ಕಳೆದುಕೊಳ್ಳುವ ಸಂಭವವಿದೆ. ಮಾದಪ್ಪನ ಬೆಟ್ಟದಿಂದ ಕೊಳ್ಳೇಗಾಲಕ್ಕೆ ಸುಮಾರು 80 ಕಿಲೋಮೀಟರ್ ಘಾಟಿಯ ದಾರಿ. ಅಷ್ಟು ಹೊತ್ತು ಬಿಗಿದ ಹಗ್ಗ ಏನು ಮಾಡೀತೆಂದು ಊಹಿಸಬಹುದು. ಸರ್ಕಾರಿ ಆಸ್ಪತ್ರೆಯಲ್ಲಿ ಪ್ರತಿವಿಷ ಉಚಿತ. ಮಗು ಚಿಕ್ಕದೆಂದು ಅದರ ಪ್ರಮಾಣ ಕಡಿಮೆ ಮಾಡುವುದಿಲ್ಲ ಎಂಬುದನ್ನು ಕೇಳಿ ಕೆಲವು ತಂದೆತಾಯಿಗಳು ಗಾಬರಿಯಾಗುತ್ತಾರೆ. ಹಾವು ಮಗುವೆಂದು ನೋಡಿ ವಿಷ ಕಡಿಮೆ ಬಿಡುವುದಿಲ್ಲವಲ್ಲ, ಮದ್ದು ಇರುವುದು ವಿಷದ ಲೆಕ್ಕಕ್ಕೆ.

ಲೆಕ್ಕದ ಮಾತು ಬಂದದ್ದರಿಂದ ಇನ್ನೊಂದು. 2000ದಿಂದ 2019ರವರೆಗಿನ ಸಾವುಗಳನ್ನು ಪರಿಶೀಲಿಸಿ 2020ರಲ್ಲಿ ಪ್ರಕಟವಾದ ಅಧ್ಯಯನದಂತೆ, ಭಾರತದಲ್ಲಿ ವರ್ಷಕ್ಕೆ ಸರಾಸರಿ 58,000 ಜನ ಹಾವು ಕಡಿದು ಸತ್ತಿದ್ದಾರೆ. ಅವರಲ್ಲಿ ಕಾಲು ಭಾಗಕ್ಕಿಂತ ಹೆಚ್ಚು ಹದಿನೈದು ವರ್ಷದೊಳಗಿನ ಮಕ್ಕಳು. ಬಹಳಷ್ಟು ಜನ ಆಸ್ಪತ್ರೆಯ ಬಾಗಿಲು ಕಾಣದೆ ಹೋದದ್ದರಿಂದ ಸರ್ಕಾರದ ದಫ್ತರಕ್ಕೆ ಈ ಸಂಖ್ಯೆ ಬಂದಿರಲೇ ಇಲ್ಲ. 2024ರ ಫೆಬ್ರವರಿಯಲ್ಲಿ ಕರ್ನಾಟಕ ಸರ್ಕಾರ ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣವೆಂದು ಘೋಷಿಸಿತು. ದೇಶದಲ್ಲಿ ಹೀಗೆ ಮಾಡಿದ ಮೊದಲ ರಾಜ್ಯ ಇದು. ಅದೇ ವರ್ಷದ ಮಾರ್ಚ್‌ನಲ್ಲಿ ಕೇಂದ್ರ ಸರ್ಕಾರ, 2030ರ ವೇಳೆಗೆ ಸಾವುಗಳನ್ನು ಅರ್ಧಕ್ಕಿಳಿಸುವ ರಾಷ್ಟ್ರೀಯ ಕ್ರಿಯಾಯೋಜನೆ ತಂದಿತು. ಯಾವ ಸೀಮೆಯಲ್ಲಿ ಯಾವ ಹಾವು ಎಷ್ಟು ಜನರನ್ನು ಕಚ್ಚುತ್ತಿದೆ ಎಂಬ ಲೆಕ್ಕ ಸಿಕ್ಕರೆ ತಾನೆ ಗುಳಿಮಂಡಲಕ್ಕೂ ಒಂದು ಮದ್ದು ಬೇಕೆಂದು ಯಾರಾದರೂ ಕೇಳಬಹುದು.

ಮೆಳೆಯ ಜಾಗಕ್ಕೆ ಲಾಂಟಾನ

ಹಾವಿನ ಮನೆ ಮಾತ್ರ ಮೊದಲಿನಂತಿಲ್ಲ. ಹೆಬ್ಬಿದಿರು ಸುಮಾರು ನಲವತ್ತು ವರ್ಷಕ್ಕೊಮ್ಮೆ ಒಟ್ಟಾಗಿ ಹೂಬಿಟ್ಟು, ಬಿದಿರಕ್ಕಿ ಉದುರಿಸಿ, ಒಟ್ಟಾಗಿ ಸಾಯುತ್ತದೆ. ಹಿಂದೆ ಆ ಜಾಗದಲ್ಲಿ ಹೊಸ ಮೆಳೆ ಏಳುತ್ತಿತ್ತು. ಈಗ ಅಲ್ಲಿ ಮೊದಲು ನುಗ್ಗುವುದು ಅಮೆರಿಕ ಖಂಡದಿಂದ ಬಂದ ಲಾಂಟಾನ. ಬಿಳಿಗಿರಿರಂಗನ ಬೆಟ್ಟದಲ್ಲಿ 1997ರಲ್ಲಿ ಪರಿಶೀಲಿಸಿದ ತಾಕುಗಳಲ್ಲಿ ಶೇಕಡ 41ರಲ್ಲಿದ್ದ ಈ ಗಿಡ 2008ರಲ್ಲಿ ಶೇಕಡ 81ರಲ್ಲಿ ಕಂಡುಬಂತು. ವರ್ಷದ ಆರಂಭದಲ್ಲಿ ತಾವು ಹಾಕುತ್ತಿದ್ದ ಸಣ್ಣ 'ತರಗು ಬೆಂಕಿ'ಯನ್ನು ನಿಲ್ಲಿಸಿದ್ದರಿಂದಲೇ ಲಾಂಟಾನ ಹೆಚ್ಚಿತು ಎನ್ನುವುದು ಸೋಲಿಗ ಹಿರಿಯರ ವಾದ. ಅರಣ್ಯ ಇಲಾಖೆ ಬೆಂಕಿಯೆಂದರೆ ಬೆಚ್ಚುತ್ತದೆ. ಈ ವ್ಯಾಜ್ಯ ಇನ್ನೂ ಮುಗಿದಿಲ್ಲ.

ಮಲೆ ಮಹದೇಶ್ವರ ಬೆಟ್ಟದಲ್ಲಿ ಬುಟ್ಟಿ ಹೆಣೆಯುವವರು ಬಿದಿರಿನ ಬದಲು ಲಾಂಟಾನದ ಕಡ್ಡಿಯಿಂದ ಕುರ್ಚಿ, ಮೇಜು, ಬುಟ್ಟಿ ಮಾಡುವುದನ್ನು ಕಲಿತಿದ್ದಾರೆ. ಕಡ್ಡಿಯನ್ನು ಬೇಯಿಸಿ, ಸಿಪ್ಪೆ ಸುಲಿದು, ಬಿಸಿಯಿರುವಾಗಲೇ ಬಗ್ಗಿಸಬೇಕು. ಅದಕ್ಕಾಗಿ ಕತ್ತಿ ಹಿಡಿದು ಕೈಯಿಕ್ಕುವುದು ದಟ್ಟ ಪೊದೆಯೊಳಕ್ಕೇ. ಬಿದಿರು ಮೆಳೆಯಿರಲಿ, ಲಾಂಟಾನ ಪೊದೆಯಿರಲಿ, ಕೋಲಿನಿಂದ ಬಡಿದು 'ಹಾವಿದ್ದರೆ ಹೋಗಲಿ' ಎಂದು ಸುಮ್ಮನಾಗುವುದು ಈ ಹಾವಿನ ವಿಷಯದಲ್ಲಿ ಸಾಲದು, ಅದು ಹೋಗುವುದಿಲ್ಲ. ಕೈ ಚಾಚುವ ಮೊದಲು ಮೊಣಕಾಲಿನ ಮಟ್ಟದಿಂದ ತಲೆಯ ಮೇಲಿನವರೆಗೆ ಒಂದೊಂದೇ ಕೊಂಬೆಯನ್ನು ಕಣ್ಣಿನಿಂದ ಸವರಬೇಕು, ಅಡ್ಡ ಬಂದ ಕೊಂಬೆಯನ್ನು ಉದ್ದನೆಯ ದೋಟಿಯಿಂದ ಎಳೆದು ಬದಿಗಿಡಬೇಕು. ಅಮಾವಾಸ್ಯೆ, ಶಿವರಾತ್ರಿಗೆ ತಾಳುಬೆಟ್ಟದಿಂದ ಕಾಲ್ನಡಿಗೆಯಲ್ಲಿ ಹತ್ತುವ ಮಾದಪ್ಪನ ಭಕ್ತರು ರಾತ್ರಿ ದಾರಿಬದಿಯ ಗಿಡ ಹಿಡಿದು ಹತ್ತುವುದಕ್ಕಿಂತ ಕೈಯಲ್ಲೊಂದು ಟಾರ್ಚು ಹಿಡಿದು ಹತ್ತುವುದು ಲೇಸು. ಹಗಲಿನಲ್ಲಿ ಎಲೆಗಳ ನಡುವೆ ಮಾಯವಾಗುವ ಹಾವು ರಾತ್ರಿ ಟಾರ್ಚಿನ ಬೆಳಕಿಗೆ ತಿಳಿಹಸಿರಾಗಿ ಬೇರೆಯೇ ಕಾಣುತ್ತದೆ. ಕಂಡರೆ ಎರಡು ಮಾರು ಬಿಟ್ಟು ದಾಟಿದರಾಯಿತು. ಅದು ಬೆನ್ನಟ್ಟಿ ಬರುವುದಿಲ್ಲ.